ದಿನಕ್ಕೆ 12 ಗಂಟೆ ದುಡಿಮೆ: 1911ಕ್ಕೆ ವಾಪಸ್ ಟಿಕೆಟ್ ಬುಕ್ ಮಾಡಿದ್ದು ಯಾರು?

ಭಾರತದಲ್ಲಿ ವಯಸ್ಕ ಗಂಡಾಳು ದಿನಕ್ಕೆ ಎಷ್ಟು ಗಂಟೆ ದುಡಿಯಬಹುದು ಅಂತ ಫ್ಯಾಕ್ಟರಿ ಕಾಯ್ದೆ ಮೊದಲ ಸಲ ಗೆರೆ ಎಳೆದಿದ್ದು 1911ರಲ್ಲಿ. ಅದಕ್ಕೂ ಮುಂಚಿನ 1881ರ ಕಾಯ್ದೆ ಮಕ್ಕಳ ಬಗ್ಗೆ ಮಾತ್ರ ಮಾತಾಡಿತ್ತು, 1891ರದ್ದು ಹೆಂಗಸರನ್ನೂ ಸೇರಿಸಿಕೊಂಡಿತು. 1911ರಲ್ಲಿ ಜವಳಿ ಗಿರಣಿಯ ಗಂಡಾಳಿಗೆ ಹಾಕಿದ ಮಿತಿ ಎಷ್ಟು ಗೊತ್ತಾ? ದಿನಕ್ಕೆ 12 ಗಂಟೆ.

ಆಮೇಲೆ ಆ ಸಂಖ್ಯೆ ನಿಧಾನಕ್ಕೆ ಇಳೀತಾ ಬಂತು. 1922ರಲ್ಲಿ ದಿನಕ್ಕೆ 11, ವಾರಕ್ಕೆ 60. 1934ರಲ್ಲಿ ದಿನಕ್ಕೆ 10, ವಾರಕ್ಕೆ 54. 1946ರಲ್ಲಿ ದಿನಕ್ಕೆ 9, ವಾರಕ್ಕೆ 48. ಈ ಕೊನೆಯ ತಿದ್ದುಪಡಿಯನ್ನು ಮಂಡಿಸಿದವರು ವೈಸ್‌ರಾಯ್ ಕಾರ್ಯಕಾರಿ ಮಂಡಳಿಯಲ್ಲಿ ಕಾರ್ಮಿಕ ಖಾತೆ ನೋಡಿಕೊಳ್ಳುತ್ತಿದ್ದ ಅಂಬೇಡ್ಕರ್. 1948ರ ಫ್ಯಾಕ್ಟರಿ ಕಾಯ್ದೆ ಅದನ್ನೇ ಉಳಿಸಿಕೊಂಡಿತು.

2023ರ ಫೆಬ್ರವರಿಯಲ್ಲಿ ಕರ್ನಾಟಕ ವಿಧಾನಮಂಡಲ ಫ್ಯಾಕ್ಟರಿ ಕಾಯ್ದೆಗೆ ತಿದ್ದುಪಡಿ ತಂದು ದಿನದ ದುಡಿಮೆಯನ್ನು 12 ಗಂಟೆವರೆಗೆ ಏರಿಸಲು ದಾರಿ ಮಾಡಿಕೊಟ್ಟಿತು. ಆಗ ಇದ್ದದ್ದು ಬಿಜೆಪಿ ಸರ್ಕಾರ. 2024ರ ಜುಲೈನಲ್ಲಿ ಐಟಿ ಕಂಪನಿಗಳು 14 ಗಂಟೆ ಕೇಳ್ತಿವೆ ಅನ್ನೋ ಸುದ್ದಿ ಬಂತು, ಐಟಿ ನೌಕರರ ಸಂಘ ಕೆಐಟಿಯು ಬೀದಿಗಿಳಿಯಿತು. 2025ರ ಜೂನ್‌ನಲ್ಲಿ ಅಂಗಡಿ ಮತ್ತು ವಾಣಿಜ್ಯ ಸಂಸ್ಥೆಗಳ ಕಾಯ್ದೆಗೆ ತಿದ್ದುಪಡಿಯ ಪ್ರಸ್ತಾವ ಬಂತು: ದಿನಕ್ಕೆ 9 ಇದ್ದದ್ದು 10, ಓವರ್‌ಟೈಮ್ ಸೇರಿ 12. ಈ ಸಲ ಸರ್ಕಾರ ಕಾಂಗ್ರೆಸ್ಸಿನದು. ಪಕ್ಷ ಯಾವುದಾದರೇನು, ಗಡಿಯಾರದ ಮುಳ್ಳು ಮಾತ್ರ ಒಂದೇ ಕಡೆಗೆ ತಿರುಗ್ತಿದೆ.

'ವಾರದ ಮಿತಿ 48 ಹಾಗೇ ಇದೆಯಲ್ಲ, ನಾಲ್ಕು ದಿನ 12 ಗಂಟೆ ಮಾಡಿ ಮೂರು ದಿನ ರಜೆ ತಗೊಳ್ಳಿ' ಅನ್ನೋದು ಸರ್ಕಾರಿ ಸಮಜಾಯಿಷಿ. ಸರಿ, ಲೆಕ್ಕ ಹಾಕೋಣ. 2023ರ ತಿದ್ದುಪಡಿ ಮೂರು ತಿಂಗಳ ಓವರ್‌ಟೈಮ್ ಮಿತಿಯನ್ನು 75 ಗಂಟೆಯಿಂದ 144ಕ್ಕೆ ಏರಿಸಿತು. ಮೂರು ತಿಂಗಳು ಅಂದ್ರೆ 13 ವಾರ. 144ನ್ನು 13ರಿಂದ ಭಾಗಿಸಿದರೆ ವಾರಕ್ಕೆ 11. 48ಕ್ಕೆ 11 ಕೂಡಿಸಿ. 59 ಗಂಟೆ. 1922ರ ಬ್ರಿಟಿಷ್ ಸರ್ಕಾರ ಕೊಟ್ಟಿದ್ದ ವಾರದ ಮಿತಿ 60. ಓವರ್‌ಟೈಮ್‌ಗೆ ಒಪ್ಪಿಗೆ ಬೇಕು, ದುಪ್ಪಟ್ಟು ಕೂಲಿ ಕೊಡಬೇಕು ಅನ್ನೋದು ನಿಜ. ಪೀಣ್ಯದಲ್ಲೋ ಬೊಮ್ಮಸಂದ್ರದಲ್ಲೋ ಕಾಂಟ್ರಾಕ್ಟ್ ಮೇಲಿರುವ ಹುಡುಗ ಸೂಪರ್‌ವೈಸರ್ ಮುಂದೆ ನಿಂತು 'ಒಪ್ಪಲ್ಲ ಸಾರ್' ಅನ್ನೋಕೆ ಆಗುತ್ತಾ ಅನ್ನೋದು ನಿಮಗೂ ಗೊತ್ತು.

ನಾನು ಓದಿದ್ದು ಇಂಜಿನಿಯರಿಂಗ್. ನಾಲ್ಕು ವರ್ಷದಲ್ಲಿ ಕೈಗಾರಿಕಾ ಕ್ರಾಂತಿ ಅಂದ್ರೆ ನಮಗೆ ಜೇಮ್ಸ್ ವಾಟ್, ಉಗಿ ಯಂತ್ರ, ಅದರ ದಕ್ಷತೆಯ ಸೂತ್ರ. ಆ ಯಂತ್ರದ ಪಕ್ಕದಲ್ಲಿ ನಿಂತಿದ್ದವರಿಗೆ ಸಂಬಳ ಎಷ್ಟಿತ್ತು, ಅವರು ಎಷ್ಟೊತ್ತಿಗೆ ಮನೆಗೆ ಹೋಗ್ತಿದ್ರು ಅಂತ ಯಾರೂ ಹೇಳಲಿಲ್ಲ, ನಾವೂ ಕೇಳಲಿಲ್ಲ. ಪತ್ರಿಕೋದ್ಯಮಕ್ಕೆ ಬಂದ ಮೇಲೆ ಕಾರ್ಮಿಕ ಇತಿಹಾಸದ ಪುಸ್ತಕಗಳನ್ನು ಒಂದೊಂದಾಗಿ ಓದ್ತಾ ಹೋದ ಹಾಗೆ ಗೊತ್ತಾಗಿದ್ದು ಏನಂದ್ರೆ, ಇವತ್ತು ಟಿವಿ ಪ್ಯಾನಲ್‌ಗಳಲ್ಲಿ ಹೊಸದು ಅಂತ ಹೇಳೋ ವಾದಗಳಲ್ಲಿ ಮುಕ್ಕಾಲು ಪಾಲು 200 ವರ್ಷ ಹಳೆಯವು.

ಕೊನೆಯ ಗಂಟೆಯ ಕಥೆ

ಉದಾಹರಣೆಗೆ 1837ರ ಇಂಗ್ಲೆಂಡ್. ಗಿರಣಿಗಳಲ್ಲಿ ದಿನಕ್ಕೆ ಹನ್ನೊಂದೂವರೆ ಗಂಟೆ ಕೆಲಸ. ಅದನ್ನು 10ಕ್ಕೆ ಇಳಿಸಿ ಅಂತ ಚಳವಳಿ ನಡೀತಿತ್ತು. ಆಗ ಆಕ್ಸ್‌ಫರ್ಡಿನ ಅರ್ಥಶಾಸ್ತ್ರಜ್ಞ ನಸ್ಸಾವ್ ಸೀನಿಯರ್ ಒಂದು ಲೆಕ್ಕ ಮುಂದಿಟ್ಟರು. ಮೊದಲ ಹತ್ತು ಗಂಟೆಯ ದುಡಿಮೆ ಹತ್ತಿ, ಯಂತ್ರ, ಕೂಲಿಯ ಖರ್ಚನ್ನು ವಾಪಸ್ ತರೋದಕ್ಕೇ ಸರಿಹೋಗುತ್ತೆ, ಮಾಲೀಕನ ನಿವ್ವಳ ಲಾಭ ಹುಟ್ಟೋದು ಕೊನೆಯ ಒಂದು ಗಂಟೆಯಲ್ಲಿ, ಆ ಗಂಟೆ ಕಿತ್ತುಕೊಂಡರೆ ಉದ್ಯಮವೇ ಮುಳುಗುತ್ತೆ ಅಂತ. ಕೇಳೋಕೆ ಗಣಿತ ಥರಾನೇ ಇದೆ. ಆದರೆ ಒಂದು ಗಂಟೆ ಕಮ್ಮಿ ಕೆಲಸ ಮಾಡಿದರೆ ಒಂದು ಗಂಟೆಯ ಹತ್ತಿಯೂ ಉಳಿಯುತ್ತಲ್ಲ? ಅದನ್ನು ಸೀನಿಯರ್ ಲೆಕ್ಕಕ್ಕೇ ತಗೊಳ್ಳಲಿಲ್ಲ. ಮಾರ್ಕ್ಸ್ ಮೂವತ್ತು ವರ್ಷದ ನಂತರ 'ಕ್ಯಾಪಿಟಲ್'ನಲ್ಲಿ ಇದಕ್ಕಂತಲೇ ಒಂದು ಭಾಗ ಮೀಸಲಿಟ್ಟು ಗೇಲಿ ಮಾಡಿದರು.

1847ರಲ್ಲಿ ಬ್ರಿಟಿಷ್ ಪಾರ್ಲಿಮೆಂಟು ಹತ್ತು ಗಂಟೆಯ ಕಾಯ್ದೆ ಪಾಸ್ ಮಾಡಿತು. ಅದು ಹೆಂಗಸರಿಗೆ ಮತ್ತು 18ರೊಳಗಿನವರಿಗೆ ಮಾತ್ರ. ಅವರಿಲ್ಲದೆ ಗಿರಣಿ ಓಡೋದಿಲ್ಲವಾದ್ದರಿಂದ ಗಂಡಸರ ಗಂಟೆಯೂ ಕ್ರಮೇಣ ಇಳಿಯಿತು. ಮಾಲೀಕರು ಪಾಳಿ ಬದಲಾಯಿಸಿ ತಪ್ಪಿಸಿಕೊಳ್ಳೋಕೆ ನೋಡಿದರು, ಆ ಕಿಂಡಿಗಳನ್ನು ಮುಚ್ಚೋಕೆ ಇನ್ನೂ ಕೆಲವು ವರ್ಷ ಹಿಡಿಯಿತು. ಅಷ್ಟಾದರೂ ಲ್ಯಾಂಕಷೈರ್ ಮುಳುಗಲಿಲ್ಲ. ಮೊದಲ ಮಹಾಯುದ್ಧದವರೆಗೂ ಜಗತ್ತಿನ ಬಟ್ಟೆ ಮಾರುಕಟ್ಟೆಯನ್ನು ಆಳಿತು.

ಆ ಮಹಾಯುದ್ಧದ ಕಾಲದ ಇನ್ನೊಂದು ದಾಖಲೆ ನಮ್ಮ ಚರ್ಚೆಗೆ ನೇರವಾಗಿ ತಾಗುತ್ತೆ. ಬ್ರಿಟನ್ನಿನ ಮದ್ದುಗುಂಡು ಕಾರ್ಖಾನೆಗಳಲ್ಲಿ ಕಾರ್ಮಿಕರು, ಬಹುತೇಕ ಹೆಂಗಸರು, ವಾರಕ್ಕೆ 70 ಗಂಟೆಗೂ ಹೆಚ್ಚು ದುಡೀತಿದ್ರು. ಆರೋಗ್ಯ ಸಮಿತಿಯೊಂದು ಗಂಟೆ ಮತ್ತು ಉತ್ಪಾದನೆ ಎರಡನ್ನೂ ಬರೆದಿಟ್ಟಿತ್ತು. ಸುಮಾರು ನೂರು ವರ್ಷದ ನಂತರ ಸ್ಟಾನ್‌ಫರ್ಡಿನ ಅರ್ಥಶಾಸ್ತ್ರಜ್ಞ ಜಾನ್ ಪೆನ್ಕವೆಲ್ ಆ ಅಂಕಿಗಳನ್ನು ಹೊಸದಾಗಿ ಜರಡಿ ಹಿಡಿದರು. ವಾರಕ್ಕೆ ಐವತ್ತು ಗಂಟೆಯ ಆಸುಪಾಸು ದಾಟಿದ ಮೇಲೆ ಪ್ರತಿ ಹೆಚ್ಚುವರಿ ಗಂಟೆಯ ಫಲ ಕುಸೀತಾ ಹೋಗುತ್ತೆ, 70 ಗಂಟೆ ದುಡಿದವರ ಒಟ್ಟು ಉತ್ಪಾದನೆಗೂ 56 ಗಂಟೆ ದುಡಿದವರದ್ದಕ್ಕೂ ಹೆಚ್ಚು ವ್ಯತ್ಯಾಸವೇ ಇಲ್ಲ. ಅಂದ್ರೆ ಆ 14 ಗಂಟೆ ಸುಮ್ನೆ ಹಾಳು.

70. ಈ ಸಂಖ್ಯೆ ಎಲ್ಲೋ ಕೇಳಿದ ಹಾಗಿದೆ ಅಲ್ವಾ? 2023ರ ಅಕ್ಟೋಬರಿನಲ್ಲಿ ನಾರಾಯಣ ಮೂರ್ತಿಯವರು ದೇಶದ ಯುವಕರು ವಾರಕ್ಕೆ 70 ಗಂಟೆ ದುಡಿಯಬೇಕು ಅಂದರು. 2025ರ ಜನವರಿಯಲ್ಲಿ ಎಲ್ ಆ್ಯಂಡ್ ಟಿ ಮುಖ್ಯಸ್ಥರು ಅದನ್ನು 90ಕ್ಕೆ ಏರಿಸಿ, ಭಾನುವಾರ ಮನೆಯಲ್ಲಿ ಹೆಂಡತಿ ಮುಖ ಎಷ್ಟು ಹೊತ್ತು ನೋಡ್ತೀರಿ ಅನ್ನೋ ಧಾಟಿಯಲ್ಲಿ ಮಾತಾಡಿದರು. ಆ ಮನೆಯನ್ನು ನಡೆಸೋರು ಯಾರು ಅಂತ ಅವರಿಗೆ ಹೊಳೀಲಿಲ್ಲ. ಕೇಂದ್ರದ 2024ರ ಸಮಯ ಬಳಕೆ ಸಮೀಕ್ಷೆ ಪ್ರಕಾರ, ಸಂಬಳವಿಲ್ಲದ ಮನೆಗೆಲಸದಲ್ಲಿ ತೊಡಗಿದ ಹೆಂಗಸರು ಅದಕ್ಕೆ ದಿನಕ್ಕೆ ಸರಾಸರಿ 289 ನಿಮಿಷ ಕೊಡ್ತಾರೆ, ಗಂಡಸರು 88 ನಿಮಿಷ. ಗಂಡ 12 ಗಂಟೆ ಆಫೀಸಿನಲ್ಲಿ ಕೂರಬೇಕಾದ್ರೆ ಅವನ ಪಾಲಿನ 88 ನಿಮಿಷವೂ ಹೆಂಡತಿಯ ತಲೆಗೆ. ಅವಳೂ 12 ಗಂಟೆ ಕೆಲಸಕ್ಕೆ ಹೋಗಬೇಕು ಅಂದ್ರೆ? ಕೆಲಸ ಬಿಡ್ತಾಳೆ ಅಷ್ಟೇ.

ಇನ್ನೊಂದು ಸಣ್ಣ ವಿಷಯ. 1905ರ ಹೊತ್ತಿಗೆ ಮುಂಬೈ ಗಿರಣಿಗಳಿಗೆ ವಿದ್ಯುತ್ ದೀಪ ಬಂತು. ಅಲ್ಲಿವರೆಗೆ ಸೂರ್ಯ ಮುಳುಗಿದ ಮೇಲೆ ಕೆಲಸ ನಿಲ್ಲಿಸಲೇಬೇಕಿತ್ತು. ಬಲ್ಬ್ ಹತ್ತಿದ ಮೇಲೆ ದಿನ 14 ಗಂಟೆ ದಾಟಿತು. ಗಲಾಟೆಯಾಗಿ, ತನಿಖೆಗೆ ಕಮಿಟಿ, ಕಮಿಷನ್ ಕೂತು, ಅದರ ಫಲವಾಗಿ ಬಂದದ್ದೇ 1911ರ ಕಾಯ್ದೆ. (ಮುಂಬೈ ಗಿರಣಿಗಳ ಪೈಪೋಟಿಗೆ ಹೆದರಿದ್ದ ಲ್ಯಾಂಕಷೈರ್ ಮಾಲೀಕರೂ ಭಾರತದ ಕಾರ್ಮಿಕರ ಪರ ಕಣ್ಣೀರು ಹಾಕಿದ್ದರು ಅನ್ನೋದನ್ನು ಮರೀಬಾರದು. ಒಳ್ಳೆ ಕಾನೂನು ಯಾವಾಗಲೂ ಒಳ್ಳೆಯವರಿಂದಲೇ ಬರಬೇಕು ಅಂತೇನಿಲ್ಲ.) ತಂತ್ರಜ್ಞಾನ ಬಂದ್ರೆ ದುಡಿಮೆ ಹಗುರಾಗುತ್ತೆ ಅಂತ ನಮಗೆ ಹೇಳಿಕೊಟ್ಟಿದ್ದಾರೆ. ಬಲ್ಬ್ ಮಾಡಿದ್ದು ಉಲ್ಟಾ. ರಾತ್ರಿ ಹನ್ನೊಂದಕ್ಕೆ ವಾಟ್ಸ್‌ಆ್ಯಪ್ ಗ್ರೂಪಿನಲ್ಲಿ ಮ್ಯಾನೇಜರ್ ಮೆಸೇಜ್ ನೋಡುವ ಯಾರಿಗೂ ಇದನ್ನು ವಿವರಿಸಿ ಹೇಳಬೇಕಿಲ್ಲ.

ಸಂಬಳ ಯಾಕೆ ಏರೋದಿಲ್ಲ?

ಆರ್ಥಿಕ ಇತಿಹಾಸಕಾರ ರಾಬರ್ಟ್ ಅಲೆನ್ 2009ರಲ್ಲಿ ಒಂದು ಲೇಖನ ಬರೆದರು. ಅದಕ್ಕೆ ಅವರು ಕೊಟ್ಟ ಹೆಸರು 'ಎಂಗೆಲ್ಸ್ ವಿರಾಮ'. ಯಾವುದರ ವಿರಾಮ? ಸಂಬಳದ್ದು. 1780ರಿಂದ 1840ರ ನಡುವೆ ಬ್ರಿಟನ್ನಿನಲ್ಲಿ ತಲಾ ಕಾರ್ಮಿಕ ಉತ್ಪಾದನೆ ಶೇ. 46 ಏರಿತು. ಅದೇ ಅರವತ್ತು ವರ್ಷದಲ್ಲಿ ನಿಜವಾದ ಕೂಲಿ, ಅಂದ್ರೆ ಬೆಲೆ ಏರಿಕೆ ಕಳೆದ ಮೇಲಿನ ಕೂಲಿ, ಏರಿದ್ದು ಶೇ. 12 ಮಾತ್ರ. ಮಿಕ್ಕಿದ್ದು ಲಾಭವಾಗಿ ಮೇಲಕ್ಕೆ ಹೋಯಿತು. 1840ರ ನಂತರದ ಅರವತ್ತು ವರ್ಷದಲ್ಲಿ ಚಿತ್ರ ಬದಲಾಯಿತು. ಉತ್ಪಾದನೆ ಶೇ. 90 ಏರಿದರೆ ಕೂಲಿ ಶೇ. 123 ಏರಿತು. ಫ್ರೆಡ್ರಿಕ್ ಎಂಗೆಲ್ಸ್ 1840ರ ದಶಕದಲ್ಲಿ ಮ್ಯಾಂಚೆಸ್ಟರ್ ಬಗ್ಗೆ ಬರೆದಾಗ ಕಂಡಿದ್ದು ಮೊದಲ ಅರ್ಧವನ್ನು.

ಈಗ ಇಲ್ಲಿಗೆ ಬನ್ನಿ. ಕೇಂದ್ರ ಸರ್ಕಾರದ್ದೇ 2024-25ರ ಆರ್ಥಿಕ ಸಮೀಕ್ಷೆ ಹೇಳೋ ಪ್ರಕಾರ, 2023-24ರಲ್ಲಿ ನಿಫ್ಟಿ 500 ಕಂಪನಿಗಳ ಲಾಭ ಜಿಡಿಪಿಯ ಶೇ. 4.8ಕ್ಕೆ ಮುಟ್ಟಿ 15 ವರ್ಷದ ದಾಖಲೆ ಬರೆಯಿತು. ಆ ವರ್ಷ ದೊಡ್ಡ ಕಂಪನಿಗಳ ಲಾಭ ಶೇ. 22.3 ಏರಿದಾಗ ಉದ್ಯೋಗ ಏರಿದ್ದು ಶೇ. 1.5. ಇದನ್ನು ಯಾವುದೋ ಎಡಪಂಥೀಯ ಕರಪತ್ರದಿಂದ ತೆಗೆದಿದ್ದಲ್ಲ, ಬಜೆಟ್ಟಿನ ಹಿಂದಿನ ದಿನ ಸಂಸತ್ತಿನಲ್ಲಿ ಇಟ್ಟ ದಾಖಲೆ.

ಐಟಿ ಫ್ರೆಶರ್ ಸಂಬಳದ ಲೆಕ್ಕ ಇನ್ನೂ ಸುಲಭ. 2012ರಲ್ಲಿ ಕ್ಯಾಂಪಸ್ಸಿನಲ್ಲಿ ನನಗೆ ಸಿಕ್ಕ ಆಫರ್ ಲೆಟರಿನಲ್ಲಿ ಇದ್ದದ್ದು ವರ್ಷಕ್ಕೆ 3.25 ಲಕ್ಷ. ಮೊನ್ನೆ ಪಾಸಾದ ನನ್ನ ಚಿಕ್ಕಮ್ಮನ ಮಗನಿಗೆ ಸಿಕ್ಕಿದ್ದು 3.6 ಲಕ್ಷ. ಸರ್ಕಾರದ ಗ್ರಾಹಕ ಬೆಲೆ ಸೂಚ್ಯಂಕದಲ್ಲಿ 2012 ಅಂದ್ರೆ 100, 2025ರಲ್ಲಿ ಅದು 190 ದಾಟಿದೆ. 2012ರ ರೂಪಾಯಿಯಲ್ಲಿ ಅವನ ಸಂಬಳ 1.9 ಲಕ್ಷದ ಆಸುಪಾಸು. ನನಗಿಂತ ಶೇ. 40ಕ್ಕೂ ಹೆಚ್ಚು ಕಡಿಮೆ. ಅವನು ನನಗಿಂತ ಚೆನ್ನಾಗಿ ಕೋಡ್ ಬರೀತಾನೆ ಅನ್ನೋದನ್ನೂ ಹೇಳಿಬಿಡ್ತೀನಿ.

ಅಲೆನ್ ಕೊಡೋ ಕಾರಣ ಏನು? ಹೊಸ ಯಂತ್ರಗಳಿಗೆ ಬಂಡವಾಳ ಬೇಕಿತ್ತು, ಬಂಡವಾಳ ಬರೋದು ಲಾಭದಿಂದ, ಹಾಗಾಗಿ ಲಾಭದ ಪಾಲು ಏರಿತು, ಬಂಡವಾಳ ಸಾಕಷ್ಟು ಕೂಡಿದ ಮೇಲೆ ಕೂಲಿ ತಾನಾಗೇ ಏರಿತು. ಈ ಅಂಕಿಗಳ ಬಗ್ಗೆಯೇ ತಕರಾರಿದೆ, ಗ್ರೆಗರಿ ಕ್ಲಾರ್ಕ್ ಲೆಕ್ಕದಲ್ಲಿ ಕೂಲಿ ಇನ್ನೂ ಬೇಗ ಏರಿತ್ತು. ಆದರೆ ನನಗೆ ಹೆಚ್ಚು ಸರಿ ಅನ್ನಿಸೋದು ಡರಾನ್ ಅಸಿಮೊಗ್ಲು ಮತ್ತು ಸೈಮನ್ ಜಾನ್ಸನ್ 2023ರ 'ಪವರ್ ಆ್ಯಂಡ್ ಪ್ರೋಗ್ರೆಸ್' ಪುಸ್ತಕದಲ್ಲಿ ಮಾಡೋ ವಾದ. ತಂತ್ರಜ್ಞಾನದ ಲಾಭ ತಾನಾಗೇ ಕೆಳಕ್ಕೆ ಹರಿಯೋದಿಲ್ಲ. ಯಂತ್ರವನ್ನು ಯಾವುದಕ್ಕೆ ಬಳಸಬೇಕು, ಲಾಭ ಹೇಗೆ ಹಂಚಿಕೊಳ್ಳಬೇಕು ಅನ್ನೋದನ್ನು ತೀರ್ಮಾನ ಮಾಡೋದು ಯಾರ ಕೈ ಮೇಲಿದೆ ಅನ್ನೋದರ ಮೇಲೆ. ಮರುವರ್ಷ ಇಬ್ಬರಿಗೂ ನೊಬೆಲ್ ಬಂತು, ಜೇಮ್ಸ್ ರಾಬಿನ್ಸನ್ ಜೊತೆಗೆ. ಇವರೇನು ಕ್ರಾಂತಿಕಾರಿಗಳಲ್ಲ, ಮಾರುಕಟ್ಟೆ ಮೇಲೆ ನಂಬಿಕೆ ಇಟ್ಟವರೇ.

ಆ ವಿರಾಮದ ಕಾಲದಲ್ಲಿ ಇಂಗ್ಲೆಂಡಿನಲ್ಲಿ ಏನೇನಿತ್ತು ನೋಡಿ. 1799 ಮತ್ತು 1800ರ ಕಾಯ್ದೆಗಳು ಕಾರ್ಮಿಕ ಸಂಘ ಕಟ್ಟೋದನ್ನೇ ಅಪರಾಧ ಮಾಡಿದ್ದವು, 1824ರವರೆಗೂ. 1808ರಲ್ಲಿ ಹತ್ತಿ ನೇಕಾರರು ಕನಿಷ್ಠ ಕೂಲಿಗೆ ಮಸೂದೆ ತನ್ನಿ ಅಂತ ಬೇಡಿಕೊಂಡರು, ಪಾರ್ಲಿಮೆಂಟು ಒಪ್ಪಲಿಲ್ಲ. ಇ.ಪಿ. ಥಾಮ್ಸನ್ 1963ರ 'ದಿ ಮೇಕಿಂಗ್ ಆಫ್ ದಿ ಇಂಗ್ಲಿಷ್ ವರ್ಕಿಂಗ್ ಕ್ಲಾಸ್'ನಲ್ಲಿ ಲಡ್ಡೈಟರ ಬಗ್ಗೆ ಬರೆದಿದ್ದನ್ನು ಪ್ರತಿಯೊಬ್ಬ ಇಂಜಿನಿಯರಿಂಗ್ ವಿದ್ಯಾರ್ಥಿಗೂ ಓದಿಸಬೇಕು. ಇವತ್ತು ಎಐ ಬಗ್ಗೆ ಯಾರಾದರೂ ತಕರಾರು ತೆಗೆದರೆ 'ಲಡ್ಡೈಟ್' ಅಂತ ಬೈತಾರೆ, ಯಂತ್ರ ಕಂಡರೆ ಸುತ್ತಿಗೆ ಎತ್ತೋ ಮುಠ್ಠಾಳ ಅನ್ನೋ ಅರ್ಥದಲ್ಲಿ. ಆದರೆ ಯಾರ್ಕ್‌ಷೈರಿನ ಉಣ್ಣೆ ಬಟ್ಟೆ ಕೆಲಸಗಾರರು ಮೊದಲು ಎತ್ತಿದ್ದು ಸುತ್ತಿಗೆಯನ್ನಲ್ಲ, ಅರ್ಜಿಯನ್ನು. ಅವರ ಕಸುಬನ್ನು ರಕ್ಷಿಸುವ ಹಳೆಯ ಕಾನೂನುಗಳಿದ್ದವು, ಅವನ್ನು ಜಾರಿ ಮಾಡಿ ಅಂತ ಕೈಯಿಂದ ದುಡ್ಡು ಹಾಕಿ ವಕೀಲರನ್ನಿಟ್ಟು ವರ್ಷಗಟ್ಟಲೆ ಕೇಳಿದರು. 1809ರಲ್ಲಿ ಪಾರ್ಲಿಮೆಂಟು ಆ ಕಾನೂನುಗಳನ್ನೇ ರದ್ದು ಮಾಡಿತು. ಸುತ್ತಿಗೆ ಹೊರಬಂದಿದ್ದು ಆಮೇಲೆ. 1812ರಲ್ಲಿ ಯಂತ್ರ ಒಡೆದವರಿಗೆ ಮರಣದಂಡನೆ ಅಂತ ಕಾನೂನು ಬಂತು. ಅಂದ ಹಾಗೆ, ಆ ಕೆಲಸಗಾರರು ವಿರೋಧಿಸಿದ ಯಂತ್ರಗಳಲ್ಲಿ ಒಂದರ ಹೆಸರು 'ಗಿಗ್ ಮಿಲ್'. ಇತಿಹಾಸಕ್ಕೂ ಒಂಥರಾ ಹಾಸ್ಯಪ್ರಜ್ಞೆ ಇದೆ.

ಇಂಗ್ಲೆಂಡ್ ದೂರ ಆಯ್ತು ಅಂದ್ರೆ ದಕ್ಷಿಣ ಭಾರತವನ್ನೇ ನೋಡಬಹುದು. ಪ್ರಸನ್ನನ್ ಪಾರ್ಥಸಾರಥಿ 2001ರಲ್ಲಿ ಬರೆದ 'ದಿ ಟ್ರಾನ್ಸಿಷನ್ ಟು ಎ ಕಲೋನಿಯಲ್ ಎಕಾನಮಿ' 18ನೇ ಶತಮಾನದ ದಕ್ಷಿಣ ಭಾರತದ ನೇಕಾರರ ಬಗ್ಗೆ. ಅವರ ವಾದ ಆಗ ದೊಡ್ಡ ಜಗಳ ಎಬ್ಬಿಸಿತ್ತು. ಬೆಳ್ಳಿ ನಾಣ್ಯದಲ್ಲಿ ನೋಡಿದರೆ ನಮ್ಮ ನೇಕಾರರ ಕೂಲಿ ಕಡಿಮೆ, ಆದರೆ ಇಲ್ಲಿ ಧಾನ್ಯ ಅಗ್ಗ, ಹೊಟ್ಟೆಗೆಷ್ಟು ಅಂತ ಅಳೆದರೆ ಬ್ರಿಟನ್ನಿನ ನೇಕಾರರಿಗೆ ಇವರು ಸರಿಸಮ ಅನ್ನೋದು ಅವರ ಲೆಕ್ಕ. ಸ್ಟೀಫನ್ ಬ್ರಾಡ್‌ಬೆರಿ ಮತ್ತು ಬಿಷ್ಣುಪ್ರಿಯ ಗುಪ್ತಾ 2006ರಲ್ಲಿ ಇದನ್ನು ಒಪ್ಪದೆ, ಧಾನ್ಯದ ಲೆಕ್ಕದಲ್ಲೂ ಭಾರತ ಹಿಂದೆ ಬಿದ್ದಿತ್ತು ಅಂದರು. ಅಂಕಿ ಜಗಳ ಮುಗಿದಿಲ್ಲ, ಮುಗಿಯೋದೂ ಕಷ್ಟ. ನನಗೆ ಮುಖ್ಯ ಅನ್ನಿಸೋದು ಪಾರ್ಥಸಾರಥಿ ಹೇಳೋ ಇನ್ನೊಂದು ಸಂಗತಿ. ವರ್ತಕ ನೇಕಾರನಿಗೆ ಮುಂಗಡ ಕೊಡ್ತಿದ್ದ. ನೇಕಾರನಿಗೆ ಕರಾರು ಇಷ್ಟವಾಗದಿದ್ದರೆ ಮುಂಗಡ ವಾಪಸ್ ಕೊಟ್ಟು ಇನ್ನೊಬ್ಬ ವರ್ತಕನ ಹತ್ತಿರ ಹೋಗಬಹುದಿತ್ತು, ಊರನ್ನೇ ಬಿಟ್ಟು ಹೋಗಲೂಬಹುದಿತ್ತು. ರಾಜರು ಅವರನ್ನು ಹಿಡಿದು ತರುತ್ತಿರಲಿಲ್ಲ. ಈಸ್ಟ್ ಇಂಡಿಯಾ ಕಂಪನಿ ಆಡಳಿತ ಹಿಡಿದ ಮೇಲೆ ವರ್ತಕನೇ ದೊರೆಯೂ ಆದ. ನೇಕಾರ ಬೇರೆಯವರಿಗೆ ನೇಯ್ದರೆ ಶಿಕ್ಷೆ, ಮನೆ ಬಾಗಿಲಿಗೆ ಕಂಪನಿಯ ಜವಾನ. ಮಗ್ಗವೂ ಅದೇ, ಕೈಯೂ ಅದೇ. ಕೆಲಸ ಬಿಡೋ ಸ್ವಾತಂತ್ರ್ಯ ಹೋಯಿತು, ಕೂಲಿ ಬಿತ್ತು.

ಈಗ ನಿಮ್ಮ ಕಂಪನಿಯ ಸರ್ವಿಸ್ ಬಾಂಡ್ ತೆಗೆದು ಓದಿ, 90 ದಿನದ ನೋಟಿಸ್ ಪೀರಿಯಡ್ ಓದಿ. 2025ರ ಮೇ ತಿಂಗಳಲ್ಲಿ ಸುಪ್ರೀಂ ಕೋರ್ಟು ವಿಜಯಾ ಬ್ಯಾಂಕ್ ಪ್ರಕರಣದಲ್ಲಿ, ಮೂರು ವರ್ಷ ಮುಗಿಸದೆ ಕೆಲಸ ಬಿಟ್ಟರೆ 2 ಲಕ್ಷ ಕಟ್ಟಬೇಕೆಂಬ ಷರತ್ತು ಸಿಂಧು ಅಂತ ಹೇಳಿತು. ಸಾರ್ವಜನಿಕ ಬ್ಯಾಂಕಿನ ನೇಮಕಾತಿ ಖರ್ಚಿನ ಹಿನ್ನೆಲೆಯಲ್ಲಿ ಬಂದ ತೀರ್ಪು ಅದು, ಕಾರಣಗಳಿಲ್ಲದೆ ಇಲ್ಲ. ಆದರೂ 3.6 ಲಕ್ಷದ ಹುಡುಗನ ಕಾಲಿಗೆ ಬಾಂಡ್ ಕಟ್ಟಿ, ಮಾರುಕಟ್ಟೆ ದರವೇ ಇಷ್ಟು ಅಂತ ಹೇಳೋದು ಮಾರುಕಟ್ಟೆ ಅಲ್ಲ.

ನಿರುದ್ಯೋಗಿ ಅಂದ್ರೆ ಯಾರು?

ನಿರುದ್ಯೋಗ ಅನ್ನೋ ಪರಿಕಲ್ಪನೆ ಅಷ್ಟು ಹಳೆಯದಲ್ಲ. ಕೆಲಸವಿಲ್ಲದವನು ಸೋಮಾರಿ ಅಥವಾ ಅಲೆಮಾರಿ ಅನ್ನೋದೇ 19ನೇ ಶತಮಾನದ ಬಹುಪಾಲು ನಂಬಿಕೆ. ಅಲೆಕ್ಸಾಂಡರ್ ಕೀಸರ್ 1986ರ 'ಔಟ್ ಆಫ್ ವರ್ಕ್' ಪುಸ್ತಕದಲ್ಲಿ ಅಮೆರಿಕದ ಮ್ಯಾಸಚೂಸೆಟ್ಸ್ ರಾಜ್ಯದ ಕಥೆ ಹೇಳ್ತಾರೆ. 1870ರ ದಶಕದ ಆರ್ಥಿಕ ಕುಸಿತದಲ್ಲಿ ಲಕ್ಷಾಂತರ ಜನರಿಗೆ ಕೆಲಸವಿಲ್ಲ ಅಂತ ಸುದ್ದಿ ಹಬ್ಬಿತ್ತು. 1878ರಲ್ಲಿ ಅಲ್ಲಿನ ಕಾರ್ಮಿಕ ಅಂಕಿಅಂಶ ಇಲಾಖೆಯ ಮುಖ್ಯಸ್ಥ ಕ್ಯಾರೊಲ್ ರೈಟ್ ಎಣಿಕೆ ಮಾಡಿಸಿದರು. ಎಣಿಸಿದ್ದು ಯಾರನ್ನು? 18 ದಾಟಿದ, ಮೈಯಲ್ಲಿ ಶಕ್ತಿ ಇರುವ, ನಿಜವಾಗಿಯೂ ಕೆಲಸ ಬೇಕೆಂದಿರುವ ಗಂಡಸರನ್ನು. ಬೇಕೆಂದಿದ್ದಾನೋ ಇಲ್ಲವೋ ಅಂತ ಹೇಳಬೇಕಾದವರು ಸ್ಥಳೀಯ ಅಧಿಕಾರಿಗಳು. ಸಂಖ್ಯೆ ಸುದ್ದಿಯ ಹತ್ತನೇ ಒಂದು ಭಾಗಕ್ಕೆ ಇಳಿಯಿತು. ಸುದ್ದಿ ಉತ್ಪ್ರೇಕ್ಷೆಯೇ ಇದ್ದೀತು. ಆದರೆ ವ್ಯಾಖ್ಯೆ ಬರೆಯುವವನ ಕೈಯಲ್ಲೇ ಉತ್ತರವೂ ಇರುತ್ತೆ ಅನ್ನೋದು ಅವತ್ತೇ ಗೊತ್ತಾಗಿತ್ತು.

ನಮ್ಮ ಪಿಎಲ್‌ಎಫ್‌ಎಸ್ ಸಮೀಕ್ಷೆಯ ವಾರದ ಲೆಕ್ಕದಲ್ಲಿ, ಹಿಂದಿನ ಏಳು ದಿನದಲ್ಲಿ ಒಂದೇ ಒಂದು ಗಂಟೆ ಕೆಲಸ ಮಾಡಿದ್ದರೂ ನೀವು ಉದ್ಯೋಗಿ. ಇದು ಮೋದಿ ಸರ್ಕಾರದ ಕುತಂತ್ರ ಅಂತ ವಾಟ್ಸ್‌ಆ್ಯಪ್‌ನಲ್ಲಿ ಓಡಾಡ್ತಿದೆ. ಹಾಗಲ್ಲ, ಅದು ಐಎಲ್‌ಒ ಒಪ್ಪಿದ ಅಂತಾರಾಷ್ಟ್ರೀಯ ಪದ್ಧತಿ. ತಕರಾರು ಇರಬೇಕಾದದ್ದು ಅದನ್ನು ಓದುವ ರೀತಿ ಮೇಲೆ. ಸಮೀಕ್ಷೆಯ ವಾರ್ಷಿಕ ಲೆಕ್ಕದ ಪ್ರಕಾರ ನಿರುದ್ಯೋಗ ದರ 2017-18ರ ಶೇ. 6ರಿಂದ 2023-24ಕ್ಕೆ ಶೇ. 3.2ಕ್ಕೆ ಇಳಿಯಿತು. ಅದೇ ಅವಧಿಯಲ್ಲಿ ದುಡಿಯುವವರಲ್ಲಿ ಸ್ವಯಂ ಉದ್ಯೋಗಿಗಳ ಪಾಲು ಶೇ. 52.2ರಿಂದ 58.4ಕ್ಕೆ ಏರಿತು. ಸ್ವಯಂ ಉದ್ಯೋಗಿ ಅಂದ ಕೂಡಲೇ ಸ್ಟಾರ್ಟಪ್ ನೆನಪಿಸಿಕೊಳ್ಳಬೇಡಿ. ಬೇಕರಿ ಇಟ್ಟವರು, ಹೊಲ ಉಳುವವರು, ಜೊತೆಗೆ ಮನೆಯ ಅಂಗಡಿಯಲ್ಲೋ ಹೊಲದಲ್ಲೋ ಸಂಬಳವಿಲ್ಲದೆ ಕೈಜೋಡಿಸುವವರೂ ಅದರಲ್ಲೇ ಬರ್ತಾರೆ. ಬಿಇ ಮುಗಿಸಿ, ಬೆಂಗಳೂರಲ್ಲಿ ಆರು ತಿಂಗಳು ಅಲೆದು, ದಾವಣಗೆರೆಗೆ ವಾಪಸ್ ಹೋಗಿ ಅಪ್ಪನ ಕಿರಾಣಿ ಅಂಗಡಿ ಗಲ್ಲಾದಲ್ಲಿ ಕೂತ ಹುಡುಗ ಈ ದೇಶದ ಅಂಕಿಅಂಶದಲ್ಲಿ ಉದ್ಯೋಗಿ. ಅವನನ್ನೇ ಕೇಳಿದರೆ ಬೇರೆ ಉತ್ತರ ಬರುತ್ತೆ.

ನಿರುದ್ಯೋಗದ ಬಗ್ಗೆ ಒಂದೇ ಪುಸ್ತಕ ಓದೋಕೆ ಆಗೋದು ಅಂದ್ರೆ ನಾನು 1933ರ 'ಮಾರಿಯೆಂಥಾಲ್' ಹೇಳ್ತೀನಿ. ಮೇರಿ ಯಹೋಡಾ, ಪೌಲ್ ಲಾಜರ್ಸ್‌ಫೆಲ್ಡ್, ಹಾನ್ಸ್ ಝೈಸೆಲ್ ಬರೆದಿದ್ದು, ಚಿಕ್ಕ ಪುಸ್ತಕ. ಆಸ್ಟ್ರಿಯಾದ ಒಂದು ಸಣ್ಣ ಊರು, ಇರೋದೊಂದೇ ಜವಳಿ ಕಾರ್ಖಾನೆ, ಅದು ಮುಚ್ಚಿಹೋಯಿತು. ಊರಿಗೆ ಊರೇ ಕೆಲಸವಿಲ್ಲದೆ ಕೂತಿತು. ಸಂಶೋಧಕರು ಹೋಗಿ ಎಲ್ಲವನ್ನೂ ಅಳೆದರು. ಜನರಿಗೆ ಈಗ ಬೇಕಾದಷ್ಟು ಸಮಯ ಇತ್ತು, ಆದರೂ ಊರಿನ ಲೈಬ್ರರಿಯಿಂದ ಪುಸ್ತಕ ಒಯ್ಯುವುದು ಹತ್ತಿರಹತ್ತಿರ ಅರ್ಧಕ್ಕೆ ಇಳಿಯಿತು. ಗಡಿಯಾರ ಹಿಡಿದು ಬೀದಿಯಲ್ಲಿ ನಿಂತು ನೋಡಿದರೆ ಗಂಡಸರ ನಡಿಗೆಯೇ ನಿಧಾನವಾಗಿತ್ತು, ಸುಮ್ಮಸುಮ್ಮನೆ ನಿಲ್ಲುತ್ತಿದ್ದರು. ಹೆಂಗಸರು ಮಾತ್ರ ಬೇಗ ನಡೀತಿದ್ರು, ಅವರಿಗೆ ಮನೆಯ ಕೆಲಸ ಮುಗಿದೇ ಇರಲಿಲ್ಲವಲ್ಲ. ವಿಜಯನಗರದ ಪಿಜಿಗಳಲ್ಲಿ, ಧಾರವಾಡದ ರೂಮುಗಳಲ್ಲಿ ಕೆಪಿಎಸ್‌ಸಿ ನೋಟಿಫಿಕೇಶನ್ ಕಾಯುತ್ತಾ 30 ದಾಟುತ್ತಿರುವವರನ್ನು ಯಾರಾದರೂ ಹೀಗೆ ಕೂತು ಅಳೆಯಬೇಕಿತ್ತು. ಆ ಕೆಲಸವನ್ನು ಯಾವ ತಿಂಗಳ ಬುಲೆಟಿನ್ನೂ ಮಾಡೋದಿಲ್ಲ.

ಬೆರಳಚ್ಚಿನಿಂದ ಸೆಲ್ಫಿವರೆಗೆ

ಗಿಗ್ ಕೆಲಸ ಏನೋ ಹೊಸ ಕಾಲದ ಆವಿಷ್ಕಾರ ಅನ್ನೋ ಭ್ರಮೆ ಬಿಡಿಸೋಕೆ ರಾಜನಾರಾಯಣ್ ಚಂದಾವರ್ಕರ್ 1994ರಲ್ಲಿ ಮುಂಬೈ ಗಿರಣಿಗಳ ಬಗ್ಗೆ ಬರೆದ ಪುಸ್ತಕ ಸಾಕು. ಗಿರಣಿ ಗೇಟಿನ ಮುಂದೆ ದಿನಾ ಬೆಳಿಗ್ಗೆ 'ಬದ್ಲಿ' ಕಾರ್ಮಿಕರು ನಿಲ್ಲುತ್ತಿದ್ದರು. ಬೇಕಾದಷ್ಟು ಜನರನ್ನು ಜಾಬರ್ ಒಳಗೆ ಕರೀತಿದ್ದ, ಉಳಿದವರು ವಾಪಸ್. ಬೇಡಿಕೆ ಏರಿದಾಗ ತಗೊಂಡು ಇಳಿದಾಗ ಬಿಡೋಕೆ ಮಾಲೀಕರಿಗೆ ಇಂಥ ಒಂದು ದಂಡು ಬೇಕಿತ್ತು. ಅಂದ್ರೆ ಅಸಂಘಟಿತ ವಲಯ ಅನ್ನೋದು ಹಿಂದುಳಿದ ಕಾಲದಿಂದ ಉಳಿದುಬಂದ ಕಸ ಅಲ್ಲ, ಆಧುನಿಕ ಉದ್ಯಮ ಲೆಕ್ಕ ಹಾಕಿ ಕಟ್ಟಿಕೊಂಡಿದ್ದು. ಜಾಬರ್ ಜಾಗದಲ್ಲಿ ಇವತ್ತು ಅಲ್ಗಾರಿದಮ್ ಇದೆ. ಜಾಬರನಿಗೆ ಕನಿಷ್ಠ ಬೈಯೋಕಾದರೂ ಆಗ್ತಿತ್ತು.

ನಮ್ಮ ರಾಜ್ಯದ್ದೇ ಕಥೆ ಬೇಕಾದರೆ ಜಾನಕಿ ನಾಯರ್ ಅವರ 'ಮೈನರ್ಸ್ ಆ್ಯಂಡ್ ಮಿಲ್‌ಹ್ಯಾಂಡ್ಸ್' ಇದೆ, 1998ರದ್ದು. ಮೈಸೂರು ಸಂಸ್ಥಾನ ಅಂದ ಕೂಡಲೇ ನಮಗೆ ವಿಶ್ವೇಶ್ವರಯ್ಯ, ಕೆಆರ್‌ಎಸ್, ಸೋಪು, ಗಂಧದೆಣ್ಣೆ. ಶಿವನಸಮುದ್ರದಿಂದ 1902ರಲ್ಲಿ ಕೋಲಾರದ ಚಿನ್ನದ ಗಣಿಗೆ ಕರೆಂಟು ಹೋಯಿತು ಅಂತ ಹೆಮ್ಮೆಯಿಂದ ಹೇಳ್ತೀವಿ. ಆ ಕರೆಂಟಿನ ಬೆಳಕಿನಲ್ಲಿ ನೆಲದಡಿ ದುಡಿದವರು, ಬಹುತೇಕ ತಮಿಳು ಮಾತಾಡುವ ದಲಿತರು, ನಮ್ಮ ಹೆಮ್ಮೆಯ ಪಟ್ಟಿಯಲ್ಲಿ ಇಲ್ಲ. 1930ರಲ್ಲಿ ಬೆರಳಚ್ಚು ಕೊಟ್ಟು ನೋಂದಣಿ ಮಾಡಿಸಬೇಕೆಂಬ ನಿಯಮ ಬಂದಾಗ ಅವರು ಮುಷ್ಕರ ಹೂಡಿದರು. ಕೂಲಿ ಏರಿಸಿ ಅಂತ ಶುರುವಾದ ಮುಷ್ಕರವಲ್ಲ ಅದು, ನಮ್ಮನ್ನು ಕಳ್ಳರ ಥರ ಗುರುತು ಹಾಕಬೇಡಿ ಅಂತ. ದಿನಕ್ಕೆ ಮೂರು ಸಲ ಆ್ಯಪ್‌ಗೆ ಸೆಲ್ಫಿ ಕೊಟ್ಟು 'ನಾನೇ ನಾನು' ಅಂತ ಸಾಬೀತು ಮಾಡುವ ಡೆಲಿವರಿ ಹುಡುಗರಿಗೆ ಇದು ಅರ್ಥವಾಗುತ್ತೆ.

ಕರ್ನಾಟಕ 2025ರಲ್ಲಿ ಗಿಗ್ ಕಾರ್ಮಿಕರ ಕಾಯ್ದೆ ತಂದಿದ್ದನ್ನು ಮೆಚ್ಚಲೇಬೇಕು. ಪ್ರತಿ ಪಾವತಿಯ ಮೇಲೆ ಶೇ. 1ರಿಂದ 5ರವರೆಗೆ ಕಲ್ಯಾಣ ಶುಲ್ಕ, ಮಂಡಳಿ, ಐಡಿ ತೆಗೆದುಹಾಕುವ ಮುನ್ನ ಕಾರಣ ಕೊಡಬೇಕೆಂಬ ನಿಯಮ, ಎಲ್ಲವೂ ಬೇಕಿದ್ದದ್ದೇ. ಆದರೆ ಅದೇ ವರ್ಷ ಅದೇ ಕಾರ್ಮಿಕ ಇಲಾಖೆ ಅಂಗಡಿ, ಆಫೀಸುಗಳಿಗೆ 12 ಗಂಟೆಯ ಪ್ರಸ್ತಾವ ಹಿಡಿದುಕೊಂಡು ಬಂತು. ಅದೇ ವರ್ಷದ ಏಪ್ರಿಲಿನಲ್ಲಿ ಕನಿಷ್ಠ ವೇತನ ಏರಿಸುವ ಕರಡನ್ನೂ ಹೊರಡಿಸಿತು, ಉದ್ಯಮಿಗಳು ಮುಳುಗಿಹೋಗ್ತೀವಿ ಅಂದರು. ಆ ಕರಡಿನ ಹಿಂದಿರುವ ಸೂತ್ರ 1957ರ 15ನೇ ಭಾರತೀಯ ಕಾರ್ಮಿಕ ಸಮ್ಮೇಳನದ್ದು: ಮೂರು ಜನರ ಹೊಟ್ಟೆಗೆ ತಲಾ 2,700 ಕ್ಯಾಲರಿ, ಕುಟುಂಬಕ್ಕೆ ವರ್ಷಕ್ಕೆ 72 ಗಜ ಬಟ್ಟೆ, ಬಾಡಿಗೆ, ಸೌದೆ-ದೀಪಕ್ಕೆ ಇಷ್ಟು. ಆಮೇಲೆ ಸುಪ್ರೀಂ ಕೋರ್ಟು ರಪ್ಟಕೋಸ್ ಬ್ರೆಟ್ ಪ್ರಕರಣದಲ್ಲಿ ಮಕ್ಕಳ ಓದು, ಔಷಧಿ, ಮದುವೆ-ಮುಪ್ಪಿಗೆ ಶೇ. 25 ಸೇರಿಸಿತು. ಹೊಟ್ಟೆ ಬಟ್ಟೆಯ ಈ ಲೆಕ್ಕವನ್ನೇ ಅತಿಯಾಯ್ತು ಅಂತಿದ್ದಾರೆ. ಕನಿಷ್ಠ ಕೂಲಿ ಏರಿಸಿದರೆ ಕೆಲಸ ಹೋಗುತ್ತೆ ಅನ್ನೋ ಮಾತನ್ನು ಡೇವಿಡ್ ಕಾರ್ಡ್ ಮತ್ತು ಅಲನ್ ಕ್ರೂಗರ್ 1992ರ ನ್ಯೂಜೆರ್ಸಿಯ ಹೋಟೆಲುಗಳಲ್ಲಿ ಪರೀಕ್ಷಿಸಿ, ಪಕ್ಕದ ಪೆನ್ಸಿಲ್ವೇನಿಯಾ ಜೊತೆ ಹೋಲಿಸಿ, ಕೆಲಸ ಕಮ್ಮಿಯಾಗಲಿಲ್ಲ ಅಂತ ತೋರಿಸಿದ್ದರು. ಎಲ್ಲಾ ಕಡೆ ಎಷ್ಟು ಬೇಕಾದರೂ ಏರಿಸಬಹುದು ಅಂತ ಅದರ ಅರ್ಥವಲ್ಲ. ಆದರೆ 'ಮುಳುಗ್ತೀವಿ' ಅಂತ ಹೇಳುವವರು ಸೀನಿಯರ್ ಕಾಲದಿಂದಲೂ ಲೆಕ್ಕ ತೋರಿಸದೆ ಹೇಳ್ತಾ ಬಂದಿದ್ದಾರೆ.

2025ರ ನವೆಂಬರ್ 21ರಂದು ಕೇಂದ್ರದ ನಾಲ್ಕು ಕಾರ್ಮಿಕ ಸಂಹಿತೆಗಳು ಜಾರಿಗೆ ಬಂದವು. 300ಕ್ಕಿಂತ ಕಡಿಮೆ ಜನರಿರುವ ಕಾರ್ಖಾನೆ ಈಗ ಸರ್ಕಾರದ ಅನುಮತಿ ಇಲ್ಲದೆ ಜನರನ್ನು ತೆಗೀಬಹುದು, ಮೊದಲು ಈ ಮಿತಿ 100 ಇತ್ತು. ಮುಷ್ಕರಕ್ಕೆ ಎಲ್ಲ ಉದ್ಯಮಗಳಲ್ಲೂ 14 ದಿನ ಮೊದಲೇ ನೋಟಿಸ್ ಕೊಡಬೇಕು. ಈ ಎರಡನೇದನ್ನು ಓದುವಾಗ ನನಗೆ ನೆನಪಾಗೋದು 2016ರ ಏಪ್ರಿಲ್ 18 ಮತ್ತು 19. ಪಿಎಫ್ ಹಣದಲ್ಲಿ ಮಾಲೀಕರ ಪಾಲನ್ನು 58 ವರ್ಷವಾಗುವವರೆಗೆ ತೆಗೆಯುವಂತಿಲ್ಲ ಅಂತ ಕೇಂದ್ರ ನಿಯಮ ತಂದಿತ್ತು. ಬೊಮ್ಮನಹಳ್ಳಿ ಕಡೆಯ ಗಾರ್ಮೆಂಟ್ಸ್ ಹೆಂಗಸರು ಬೆಳಿಗ್ಗೆ ಗೇಟಿನಿಂದ ಒಳಗೆ ಹೋಗದೆ ಹೊಸೂರು ರಸ್ತೆಗೆ ಬಂದರು. ದೊಡ್ಡ ಯೂನಿಯನ್ ಕರೆ ಕೊಟ್ಟಿರಲಿಲ್ಲ, ನಾಯಕರಿರಲಿಲ್ಲ, ನೋಟಿಸ್ ಅಂತೂ ಇರಲೇ ಇಲ್ಲ. ಎರಡನೇ ದಿನ ಸಂಜೆಯೊಳಗೆ ಕೇಂದ್ರ ಸರ್ಕಾರ ನಿಯಮ ವಾಪಸ್ ತಗೊಂಡಿತು.